ಕೆಂಡದಂಥ ಬೆಳ್ಳಿ: ಒಂದು ಹಳೆಯ ಲೇಬಲ್ಲಿನ ಪ್ರಕರಣ

ಬೆಂಕಿಪೊಟ್ಟಣಕ್ಕಿಂತ ಸ್ವಲ್ಪ ದೊಡ್ಡದಾದ ಒಂದು ರಟ್ಟಿನ ಡಬ್ಬಿ. ಒಳಗೆ ಕಪ್ಪು ಕಾಗದದ ಪೊಟ್ಟಣ. ಅದರೊಳಗೆ ಹೆಬ್ಬೆರಳಿನ ಉಗುರಿನಷ್ಟು ಒಂದು ಕಲ್ಲು. ಯಾರದೋ ಹಳೆಯ ಸಂಗ್ರಹದಿಂದ ಕೈ ಬದಲಾಗುತ್ತಾ ನನ್ನ ಹತ್ತಿರ ಬಂದಿದ್ದು. ಡಬ್ಬಿಯ ತಳದಲ್ಲಿ ಶಾಯಿಯಲ್ಲಿ ಬರೆದ ಜರ್ಮನ್ ಲೇಬಲ್ ಅಂಟಿಸಿದೆ. "ಡುಂಕ್ಲೆಸ್ ರೋಟ್‌ಗ್ಯುಲ್ಟಿಗ್‌ಎರ್ಟ್ಸ್, ಸಾಂಕ್ಟ್ ಆಂಡ್ರಿಯಾಸ್‌ಬರ್ಗ್." ಅಂದರೆ ಆಂಡ್ರಿಯಾಸ್‌ಬರ್ಗ್ ಊರಿನ ಕಡುಗೆಂಪು ಬೆಳ್ಳಿ ಅದಿರು. ಅಷ್ಟೇ. ಯಾವ ವರ್ಷ, ಯಾರು ತೆಗೆದದ್ದು, ಏನೂ ಇಲ್ಲ.

ಪಿಯುಸಿ ಓದುತ್ತಿರುವ ಅಕ್ಕನ ಮಗಳು ಕಾಲೇಜಿನ ವಿಜ್ಞಾನ ಪ್ರದರ್ಶನಕ್ಕೆ ಕಲ್ಲುಗಳನ್ನು ಕೇಳಿಕೊಂಡು ಬಂದಳು. ಈ ಡಬ್ಬಿ ತೆಗೆದು ನೋಡಿ ಮುಖ ಸಪ್ಪೆ ಮಾಡಿದಳು.

"ಮಾಮ, ಇದು ಕಪ್ಪಗಿದೆಯಲ್ಲಾ. ಕೆಂಪೂ ಇಲ್ಲ, ಬೆಳ್ಳಿ ಥರಾನೂ ಇಲ್ಲ."

ಮೊಬೈಲಿನ ಟಾರ್ಚ್ ಹಚ್ಚಿ ಕಲ್ಲಿನ ತೆಳ್ಳನೆಯ ಅಂಚಿನ ಹಿಂದೆ ಹಿಡಿದೆ. ಅಂಚು ಕೆಂಪಗೆ ಹೊತ್ತಿಕೊಂಡಿತು. ದಾಸವಾಳದ ಕೆಂಪಲ್ಲ, ಇನ್ನೂ ಆಳದ್ದು. ಬೂದಿ ಮುಚ್ಚಿದ ಕೆಂಡವನ್ನು ಊದಿದಾಗ ಒಳಗಿಂದ ಕಾಣುತ್ತದಲ್ಲ, ಹಾಗೆ.

"ಅಯ್ಯೋ, ಕೆಂಡ!" ಅಂದಳು. ಆಮೇಲೆ ಎರಡು ಪ್ರಶ್ನೆ ಕೇಳಿದಳು. ಇದಕ್ಕೆ ಕನ್ನಡದಲ್ಲಿ ಏನಂತ ಬರೆಯೋದು? ಈ ಲೇಬಲ್ ಸರಿಯಾಗಿದೆ ಅಂತ ಹೇಗೆ ಗೊತ್ತು?

ಎರಡನೇ ಪ್ರಶ್ನೆ ನಾನೇ ಎಂದೋ ಕೇಳಿಕೊಳ್ಳಬೇಕಿತ್ತು. ಯಾಕೆಂದರೆ ಕೆಂಪು ಬೆಳ್ಳಿ ಅದಿರು ಅನ್ನುವ ಹೆಸರಿನಲ್ಲಿ ಒಂದಲ್ಲ, ಎರಡು ಕಲ್ಲುಗಳಿವೆ. ಶತಮಾನಗಳ ಕಾಲ ಎರಡನ್ನೂ ಒಂದೇ ಹೆಸರಿನಿಂದ ಕರೆದರು. ಅವು ಬೇರೆಯಾದ ಕಥೆಯೇ ಈ ಪ್ರಕರಣ.

ಕಲ್ಲು ಹುಟ್ಟಿದ ಊರು

ಸಾಂಕ್ಟ್ ಆಂಡ್ರಿಯಾಸ್‌ಬರ್ಗ್ ಜರ್ಮನಿಯ ಹಾರ್ಟ್ಸ್ ಬೆಟ್ಟಗಳಲ್ಲಿರುವ ಸಣ್ಣ ಊರು. ಬೆಳ್ಳಿಯಿಂದಲೇ ಬೆಳೆದ ಊರು. ಅಲ್ಲಿನ ಸ್ಯಾಮ್ಸನ್ ಗಣಿಯಲ್ಲಿ 1521ರಿಂದ 1910ರವರೆಗೆ ಕೆಲಸ ನಡೆಯಿತು. ಆಳ ಸುಮಾರು 800 ಮೀಟರ್ ದಾಟಿತ್ತು. ಅಷ್ಟು ಆಳಕ್ಕೆ ಏಣಿಯಲ್ಲಿ ಇಳಿದು, ದುಡಿದು, ಮತ್ತೆ ಏಣಿಯಲ್ಲೇ ಹತ್ತಿ ಬರಬೇಕಿತ್ತು. 1837ರಲ್ಲಿ ಮೇಲೆ ಕೆಳಗೆ ಆಡುವ ಮೆಟ್ಟಿಲಿನ ಯಂತ್ರ ಕೂರಿಸಿದ ಮೇಲೆ ಆ ಹತ್ತಾಟ ತಪ್ಪಿತು. ಅದೇ ಊರಿನ ಗಣಿ ಕೆಲಸಗಾರರ ಮನೆಗಳಲ್ಲಿ ಕ್ಯಾನರಿ ಹಕ್ಕಿಗಳನ್ನೂ ಸಾಕುತ್ತಿದ್ದರು. ಹಾರ್ಟ್ಸ್‌ನ ಹಾಡುವ ಕ್ಯಾನರಿ ಅಂತ ಹೆಸರಾದ ತಳಿ ಅಲ್ಲಿಯದೇ. ಕೋಲಾರದ ಚಿನ್ನದ ಗಣಿಯ ಆಳ ಕಂಡವರ ಮನೆಯವರಿಗೆ ಇಂಥ ಊರಿನ ಬದುಕು ಪೂರ್ತಿ ಅಪರಿಚಿತ ಅನ್ನಿಸಲಾರದು.

ಕಲ್ಲು ಅಲ್ಲಿ ಹೇಗಾಯಿತು? ಬಂಡೆಗಳ ಬಿರುಕಿನಲ್ಲಿ ಬಿಸಿನೀರು ಹರಿಯಿತು. ನೀರಿನಲ್ಲಿ ಸೀಸ, ಸತು, ಬೆಳ್ಳಿ, ಗಂಧಕ ಎಲ್ಲ ಕರಗಿದ್ದವು. ನೀರು ತಣಿಯುತ್ತಾ ಹೋದಂತೆ ಒಂದೊಂದೇ ಹರಳುಗಟ್ಟಿದವು. ಕೆಂಪು ಬೆಳ್ಳಿ ಬರುವುದು ಸಾಮಾನ್ಯವಾಗಿ ಕೊನೆಕೊನೆಗೆ, ಶಾಖ ಸಾಕಷ್ಟು ಇಳಿದ ಮೇಲೆ. ಹಾಗಾಗಿಯೇ ಕ್ಯಾಲ್ಸೈಟ್, ಸ್ಫಟಿಕಗಳ ನಡುವಿನ ಪೊಳ್ಳುಗಳಲ್ಲಿ ಚೆಂದದ ಹರಳಾಗಿ ಕೂರುತ್ತದೆ. ಇದನ್ನು ಇಲ್ಲೇ ಹೇಳುತ್ತಿರುವುದಕ್ಕೆ ಕಾರಣ ಇದೆ. ಈ ಕಲ್ಲಿನ ಈಗಿನ ಹೆಸರಿನಲ್ಲಿ 'ಬೆಂಕಿ' ಇದೆ. ಆದರೆ ಇದು ಬೆಂಕಿಯಲ್ಲಿ ಹುಟ್ಟಿದ್ದಲ್ಲ. ನೀರಿನಲ್ಲಿ ಹುಟ್ಟಿದ್ದು.

ಬೆಳ್ಳಿ ಅಂದರೆ ಬಿಳಿ

ಕನ್ನಡದ 'ಬೆಳ್ಳಿ' ಬಂದದ್ದು 'ಬೆಳ್' ಅನ್ನುವ ಬಿಳುಪಿನ ಮಾತಿನಿಂದ. ಬೆಳ್ಳಗೆ, ಬೆಳ್ಳಕ್ಕಿ, ಬೆಳ್ಳುಳ್ಳಿ, ಎಲ್ಲವೂ ಅದೇ ಮನೆಯವು. ಗ್ರೀಕರ 'ಆರ್ಜಿರೋಸ್' ಕೂಡ ಹಾಗೇ. ಹೊಳೆಯುವ ಬಿಳುಪು ಅನ್ನುವ ಬೇರಿನಿಂದ ಹುಟ್ಟಿದ ಪದ. ಲ್ಯಾಟಿನ್ನಿನ 'ಅರ್ಜೆಂಟಮ್' ಅದರ ಬಂಧು, ಬೆಳ್ಳಿಯ ರಾಸಾಯನಿಕ ಸಂಕೇತ ಎಜಿ ಬಂದದ್ದು ಅಲ್ಲಿಂದ. ಸಂಸ್ಕೃತದ 'ರಜತ'ವೂ ಇದೇ ಬಳಗದ್ದು. ನಮ್ಮ ಮಹಾಭಾರತದ 'ಅರ್ಜುನ' ಕೂಡ. ಅರ್ಜುನ ಅಂದರೆ ಬಿಳಿಯ, ಹೊಳೆಯುವ ಅಂತ ಅರ್ಥ.

ಹಾಗಾದರೆ 'ಕೆಂಪು ಬೆಳ್ಳಿ' ಅಂದರೆ ಏನಾಯಿತು? 'ಕೆಂಪಾದ ಬಿಳಿ' ಅಂದ ಹಾಗಾಯಿತು. ಗಣಿಯವರಿಗೆ ಅದರಲ್ಲಿ ತೊಡಕು ಕಾಣಲಿಲ್ಲ. ಕಣ್ಣಿಗೆ ಕಂಡದ್ದು ಕೆಂಪು, ಕುಲುಮೆಯಿಂದ ಇಳಿದದ್ದು ಬಿಳಿ ಲೋಹ. ಎರಡನ್ನೂ ಸೇರಿಸಿ ಹೆಸರಿಟ್ಟರು.

ಬೆಳ್ಳಿ ಯಾಕೆ ಕೆಂಪು ಕಲ್ಲಿನೊಳಗೆ ಹೋಗಿ ಕೂರುತ್ತದೆ ಅನ್ನುವುದಕ್ಕೆ ನಮ್ಮ ದೇವರಮನೆಯಲ್ಲೇ ಅರ್ಧ ಉತ್ತರ ಇದೆ. ಬೆಳ್ಳಿ ದೀಪ ನಾಲ್ಕು ತಿಂಗಳು ಹಾಗೇ ಬಿಟ್ಟರೆ ಕಪ್ಪಾಗುತ್ತದೆ, ವಿಭೂತಿ ಹಾಕಿ ತಿಕ್ಕಬೇಕಾಗುತ್ತದೆ. ಗಾಳಿಯಲ್ಲಿರುವ ಚೂರುಪಾರು ಗಂಧಕದ ಅನಿಲ ಬೆಳ್ಳಿಗೆ ಅಂಟಿಕೊಂಡಿದ್ದರ ಫಲ ಅದು. ಬೆಳ್ಳಿಗೂ ಗಂಧಕಕ್ಕೂ ಅಷ್ಟು ಸ್ನೇಹ. ನೆಲದೊಳಗೆ ಈ ಜೋಡಿಗೆ ಮೂರನೆಯದೊಂದು ಸೇರಿದಾಗ ಕೆಂಪು ಬಣ್ಣ ಬರುತ್ತದೆ. ಆ ಮೂರನೆಯದು ಯಾವುದು ಅನ್ನುವುದೇ ಇಡೀ ಪ್ರಕರಣದ ಗಂಟು.

ಹಳೆಯ ಹೆಸರುಗಳು

1546ರಲ್ಲಿ ಜಾರ್ಜಿಯಸ್ ಅಗ್ರಿಕೋಲ ನೆಲದಿಂದ ಅಗೆದು ತೆಗೆಯುವ ವಸ್ತುಗಳ ಬಗ್ಗೆ ಲ್ಯಾಟಿನ್ನಿನಲ್ಲಿ ಪುಸ್ತಕ ಬರೆದರು. ಅವರ ಹುಟ್ಟುಹೆಸರು ಗೆಯೋರ್ಗ್ ಬೌವರ್. ಬೌವರ್ ಅಂದರೆ ರೈತ. ಲ್ಯಾಟಿನ್ನಿನಲ್ಲಿ ರೈತನಿಗೆ ಅಗ್ರಿಕೋಲ. ಆ ಕಾಲದ ವಿದ್ವಾಂಸರ ರೂಢಿಯಂತೆ ಹೆಸರು ಬದಲಾಯಿತು. ಅವರು ವೈದ್ಯರಾಗಿದ್ದದ್ದು ಯೋಆಖಿಮ್ಸ್‌ಟಾಲ್ ಅನ್ನುವ ಬೆಳ್ಳಿ ಗಣಿಯ ಊರಿನಲ್ಲಿ. ಈಗ ಅದು ಚೆಕ್ ದೇಶದಲ್ಲಿದೆ, ಯಾಖಿಮೊವ್ ಅನ್ನುತ್ತಾರೆ. ಆ ಊರಿನ ಬೆಳ್ಳಿ ನಾಣ್ಯ ಯೋಆಖಿಮ್ಸ್‌ಟಾಲರ್, ಅದು ಮೊಟಕಾಗಿ ಟಾಲರ್, ಅದೇ ತಿರುಗಿ ಡಾಲರ್. ಬೆಳ್ಳಿಯ ಲೋಕದಲ್ಲಿ ಹೆಸರುಗಳು ಎಲ್ಲಿಂದ ಎಲ್ಲಿಗೆ ಹೋಗುತ್ತವೆ ನೋಡಿ. ನಮ್ಮ ರೂಪಾಯಿ ಕೂಡ 'ರೂಪ್ಯ'ದಿಂದ, ಅಂದರೆ ಅಚ್ಚೊತ್ತಿದ ಬೆಳ್ಳಿಯಿಂದಲೇ ಬಂದದ್ದಲ್ವಾ?

ಅಗ್ರಿಕೋಲ ಈ ಕಲ್ಲಿಗೆ ಕೊಟ್ಟ ಹೆಸರು 'ಅರ್ಜೆಂಟಮ್ ರೂಡೆ ರೂಬ್ರಮ್'. ಹಸಿಯಾದ, ಇನ್ನೂ ಪಾಕವಾಗದ ಕೆಂಪು ಬೆಳ್ಳಿ. ಬಹಳ ಪ್ರಾಮಾಣಿಕವಾದ ಹೆಸರು ಅಂತ ನನಗೆ ಅನ್ನಿಸುತ್ತದೆ. ಬೆಳ್ಳಿ ಇದೆ, ಆದರೆ ಇನ್ನೂ ಬೆಳ್ಳಿಯಾಗಿಲ್ಲ ಅಂತ ಹೇಳುತ್ತದೆ.

ಗಣಿಯವರು ಜರ್ಮನ್ನಿನಲ್ಲಿ ಅನ್ನುತ್ತಿದ್ದದ್ದು ಬೇರೆ. ನನ್ನ ಲೇಬಲ್ಲಿನ 'ರೋಟ್‌ಗ್ಯುಲ್ಟಿಗ್' ಪದವನ್ನು ಈಗಿನ ಜರ್ಮನ್ನಿನಲ್ಲಿ ಬಿಡಿಸಿದರೆ 'ಕೆಂಪು' ಮತ್ತು 'ಸಲ್ಲುವ' ಅಂತಾಗುತ್ತದೆ. ನಾಣ್ಯ ಸಲ್ಲುತ್ತದೆ ಅನ್ನುತ್ತೇವಲ್ಲ, ಆ ಅರ್ಥದ ಸಲ್ಲುವಿಕೆ. ಆದರೆ ಹಳೆಯ ರೂಪ 'ರೋಟ್‌ಗ್ಯುಲ್ಡನ್'. ಗ್ಯುಲ್ಡನ್ ಅಂದರೆ ಚಿನ್ನದ. ಬೆಳ್ಳಿ ಇರುವ ಕೆಂಪು ಕಲ್ಲಿಗೆ ಚಿನ್ನದ ಹೆಸರು! ಇದರಲ್ಲಿ ಚಿನ್ನ ಇಲ್ಲ. ಬೆಲೆಬಾಳುವ ಅದಿರು ಅನ್ನುವ ಭಾವದಲ್ಲಿ ಹಾಗೆ ಕರೆದಿರಬೇಕು. 'ಅವಳು ಚಿನ್ನದಂಥ ಹುಡುಗಿ' ಅಂದಾಗ ನಾವು ಲೋಹದ ಮಾತಾಡುವುದಿಲ್ಲವಲ್ಲ. ಬಾಯಿಂದ ಬಾಯಿಗೆ ಸವೆಯುತ್ತಾ 'ಚಿನ್ನದ' ಅನ್ನುವುದು 'ಸಲ್ಲುವ' ಅಂತಾಯಿತು.

ಸ್ಪೇನಿನವರು ಮೆಕ್ಸಿಕೊ, ಪೆರುವಿನ ಕಡೆಯ ಗಣಿಗಳಲ್ಲಿ ಇದಕ್ಕೆ 'ರೋಸಿಕ್ಲೇರ್' ಅಂದರು. ಅದು ಮುಂಜಾನೆ ಬಾನಂಚಿನಲ್ಲಿ ಮೂಡುವ ತಿಳಿಗೆಂಪಿನ ಹೆಸರು. ಆಳದ ಕತ್ತಲಲ್ಲಿ ದುಡಿಯುವವರು ಅದಿರಿಗೆ ಬೆಳಗಿನ ಬಣ್ಣದ ಹೆಸರು ಇಟ್ಟುಕೊಂಡರು. ಅದನ್ನು ಓದಿದಾಗೆಲ್ಲ ನನಗೆ ಗಂಟಲು ತುಂಬುತ್ತದೆ. ಆ ಗಣಿಗಳಲ್ಲಿ ಎಷ್ಟೋ ಜನ ತಾವಾಗಿ ಇಳಿದವರಲ್ಲ, ಬಲವಂತದ ಬಿಟ್ಟಿ ದುಡಿಮೆಗೆ ಸಿಕ್ಕಿದವರು.

ಜರ್ಮನ್ನರೂ ಸ್ಪೇನಿನವರೂ ಒಂದು ವಿಷಯ ಗಮನಿಸಿದ್ದರು. ಈ ಅದಿರಿನಲ್ಲಿ ಎರಡು ಬಗೆ ಇದೆ. ಒಂದು ಕಡುಗೆಂಪು, ಒಂದು ತಿಳಿಗೆಂಪು. ಕಡುಗೆಂಪಿನದು ಹೆಚ್ಚುಕಡಿಮೆ ಕಪ್ಪು. ತಿಳಿಗೆಂಪಿನದು ಕುಂಕುಮದ ಹಾಗೆ. ಇವೆರಡೂ ಒಂದೇ ಕಲ್ಲಿನ ಎರಡು ಛಾಯೆಗಳೋ, ಬೇರೆ ಬೇರೆ ಕಲ್ಲುಗಳೋ? ಮಾವಿನಹಣ್ಣಿನಲ್ಲಿ ಬಿಸಿಲು ಬಿದ್ದ ಕಡೆ ಕೆಂಪು, ಬೀಳದ ಕಡೆ ಹಸಿರು ಇರುತ್ತದೆ. ಅದು ಒಂದೇ ಹಣ್ಣು. ಇದೂ ಹಾಗೇನಾ? ಕಣ್ಣಿನಿಂದ ಮಾತ್ರ ಇದನ್ನು ತೀರ್ಮಾನಿಸುವುದು ಆಗದ ಮಾತು.

ಪ್ರೂಸ್ತ್ ತಕ್ಕಡಿ ಹಿಡಿದದ್ದು

ಜೋಸೆಫ್ ಲೂಯಿ ಪ್ರೂಸ್ತ್ ಫ್ರಾನ್ಸಿನ ಆಂಜೆ ಊರಿನವರು. ಹುಟ್ಟಿದ್ದು 1754ರಲ್ಲಿ. ಆದರೆ ದೊಡ್ಡ ಕೆಲಸ ಮಾಡಿದ್ದು ಸ್ಪೇನಿನಲ್ಲಿ, ಮೊದಲು ಸೆಗೋವಿಯಾದಲ್ಲಿ, ಆಮೇಲೆ ಮ್ಯಾಡ್ರಿಡ್‌ನಲ್ಲಿ. ಪಿಯುಸಿ ರಸಾಯನಶಾಸ್ತ್ರದ ಪುಸ್ತಕದಲ್ಲಿ ಇವರ ಹೆಸರು ಬರುತ್ತದೆ. ಸ್ಥಿರ ಅನುಪಾತದ ನಿಯಮ. ಒಂದು ಸಂಯುಕ್ತವನ್ನು ಎಲ್ಲಿಂದ ತಂದರೂ, ಹೇಗೆ ಮಾಡಿದರೂ ಅದರೊಳಗಿನ ವಸ್ತುಗಳ ತೂಕದ ಪಾಲು ಒಂದೇ ಇರುತ್ತದೆ ಅಂತ. ಈಗ ಇದು ಎರಡು ಅಂಕದ ಪ್ರಶ್ನೆ. ಆಗ ಇದಕ್ಕಾಗಿ ಬೆರ್ತೊಲೆ ಅನ್ನುವ ದೊಡ್ಡ ರಸಾಯನಶಾಸ್ತ್ರಜ್ಞರ ಜೊತೆ ಪ್ರೂಸ್ತ್ ವರ್ಷಗಟ್ಟಲೆ ವಾದ ಮಾಡಬೇಕಾಯಿತು. ಪಾಲು ಹೆಚ್ಚುಕಡಿಮೆ ಆಗುತ್ತಾ ಹೋಗಬಹುದು ಅಂತ ಬೆರ್ತೊಲೆ, ಇಲ್ಲ ಅದು ಕಟ್ಟುನಿಟ್ಟು ಅಂತ ಪ್ರೂಸ್ತ್. ಇಬ್ಬರೂ ಒಬ್ಬರಿಗೊಬ್ಬರು ಗೌರವ ಬಿಡದೆ ವಾದಿಸಿದರು.

ಈ ಮನುಷ್ಯನ ಕೈಗೆ ಕೆಂಪು ಬೆಳ್ಳಿ ಬಂದರೆ ಏನಾಗುತ್ತದೆ? ಛಾಯೆ ಅನ್ನುವ ಮಾತನ್ನು ಅವರು ಸುಮ್ನೆ ಒಪ್ಪುವವರಲ್ಲ. ಬಿಡಿಸಿ ತೂಗುತ್ತಾರೆ. 1804ರಲ್ಲಿ ಅವರ ವಿಶ್ಲೇಷಣೆ ಪ್ರಕಟವಾಯಿತು. ಎರಡರಲ್ಲೂ ಬೆಳ್ಳಿ, ಎರಡರಲ್ಲೂ ಗಂಧಕ. ಆದರೆ ಒಂದು ಬಗೆಯಲ್ಲಿ ಮೂರನೆಯದು ಆಂಟಿಮನಿ. ಇನ್ನೊಂದರಲ್ಲಿ ಆರ್ಸೆನಿಕ್.

ಆಂಟಿಮನಿ ನಮಗೆ ಹೊಸದಲ್ಲ. ಕಣ್ಣಿಗೆ ಹಚ್ಚುವ ಹಳೆಯ ಕಾಲದ ಅಂಜನ, ಸುರುಮ ಅದರ ಗಂಧಕದ ಅದಿರಿನಿಂದ ಮಾಡುತ್ತಿದ್ದದ್ದು. ಆರ್ಸೆನಿಕ್ ಅಂದರೆ ಪಾಷಾಣ. ಅಂಗಡಿಯ ಹರಿದಳ, ಮಣಿಶಿಲೆಗಳಲ್ಲಿ ಇರುವುದೂ ಅದೇ. ಎರಡೂ ಆವರ್ತ ಕೋಷ್ಟಕದಲ್ಲಿ ಒಂದರ ಕೆಳಗೊಂದು ಕೂತಿವೆ, ಅಣ್ಣತಮ್ಮಂದಿರ ಹಾಗೆ. ಅದಕ್ಕೇ ಒಂದರ ಜಾಗದಲ್ಲಿ ಇನ್ನೊಂದು ಕೂತರೂ ಹರಳಿನ ಆಕಾರ ಬಹುತೇಕ ಹಾಗೇ ಉಳಿಯಿತು. ಶತಮಾನಗಳ ಗೊಂದಲಕ್ಕೆ ಕಾರಣ ಇಷ್ಟೇ.

ಈಗಿನ ಲೆಕ್ಕದಲ್ಲಿ ಹೇಳುವುದಾದರೆ, ಎರಡರ ಒಳಗೂ ಮೂರು ಬೆಳ್ಳಿಯ ಪರಮಾಣು, ಮೂರು ಗಂಧಕದ ಪರಮಾಣು ಇವೆ. ನಡುವೆ ಒಂದು ಆಂಟಿಮನಿ ಇದ್ದರೆ ಕಡುಗೆಂಪು, ಒಂದು ಆರ್ಸೆನಿಕ್ ಇದ್ದರೆ ತಿಳಿಗೆಂಪು. ನೂರು ಗ್ರಾಂ ಕಡುಗೆಂಪಿನದರಲ್ಲಿ ಸುಮಾರು 59.8 ಗ್ರಾಂ ಬೆಳ್ಳಿ, 22.5 ಗ್ರಾಂ ಆಂಟಿಮನಿ, 17.8 ಗ್ರಾಂ ಗಂಧಕ. ತಿಳಿಗೆಂಪಿನದರಲ್ಲಿ ಬೆಳ್ಳಿ 65.4 ಗ್ರಾಂ. ಬೆಳ್ಳಿಯ ಪರಮಾಣುಗಳು ಎರಡರಲ್ಲೂ ಮೂರೇ ಆದರೂ ಪಾಲು ಯಾಕೆ ಜಾಸ್ತಿ? ಆರ್ಸೆನಿಕ್ ಪರಮಾಣು ಆಂಟಿಮನಿಗಿಂತ ಹಗುರ. ಜೊತೆಗಾರ ಹಗುರಾದಷ್ಟೂ ಬೆಳ್ಳಿಯ ಪಾಲು ಏರುತ್ತದೆ. ಇದನ್ನು ಅಕ್ಕನ ಮಗಳು ತಾನೇ ಲೆಕ್ಕ ಹಾಕಿ ತೋರಿಸಿದಳು. ಪುಸ್ತಕದ ನಿಯಮ ಡಬ್ಬಿಯೊಳಗಿನ ಕಲ್ಲಿನಲ್ಲಿ ಸಿಕ್ಕಿದ್ದಕ್ಕೆ ಅವಳ ಮುಖ ಅರಳಿತು.

1831, 1832

ಬೇರೆ ಬೇರೆ ಕಲ್ಲು ಅಂತ ಗೊತ್ತಾದ ಮೇಲೂ ಹೆಸರು ಬದಲಾಗಲು ಕಾಲು ಶತಮಾನ ಬೇಕಾಯಿತು. 1831ರಲ್ಲಿ ಬ್ರೆಸ್ಲಾವ್‌ನ ಪ್ರಾಧ್ಯಾಪಕ ಅರ್ನ್ಸ್ಟ್ ಫ್ರೀಡ್ರಿಖ್ ಗ್ಲೋಕರ್ ಕಡುಗೆಂಪಿನದಕ್ಕೆ 'ಪೈರಾರ್ಜಿರೈಟ್' ಅಂತ ಹೆಸರಿಟ್ಟರು. ಗ್ರೀಕಿನ 'ಪೈರ್' ಅಂದರೆ ಬೆಂಕಿ, 'ಆರ್ಜಿರೋಸ್' ಬೆಳ್ಳಿ. ಬೆಂಕಿಬೆಳ್ಳಿ. ಬಣ್ಣ ಬೆಂಕಿಯದು, ಒಡಲಲ್ಲಿರುವುದು ಬೆಳ್ಳಿ.

ಮರುವರ್ಷ 1832ರಲ್ಲಿ ಫ್ರಾನ್ಸಿನ ಫ್ರಾನ್ಸ್ವಾ ಸುಲ್ಪಿಸ್ ಬ್ಯೂದಾನ್ ತಿಳಿಗೆಂಪಿನದಕ್ಕೆ 'ಪ್ರೂಸ್ಟೈಟ್' ಅಂತ ಕರೆದರು. ಎರಡನ್ನೂ ಬೇರ್ಪಡಿಸಿದ ಪ್ರೂಸ್ತ್ ನೆನಪಿಗೆ. ಪ್ರೂಸ್ತ್ ತೀರಿಕೊಂಡು ಆಗ ಆರು ವರ್ಷ. ಬ್ಯೂದಾನ್ ಕಡುಗೆಂಪಿನದಕ್ಕೂ ತಮ್ಮದೇ ಹೆಸರು ಇಟ್ಟಿದ್ದರು, 'ಆರ್ಜಿರಿಥ್ರೋಸ್' ಅಂತ. ಅದರಲ್ಲಿ ಬೆಂಕಿ ಇಲ್ಲ. ಬೆಳ್ಳಿ ಮತ್ತು ಕೆಂಪು ಅಷ್ಟೇ. ಕನ್ನಡದಲ್ಲಿ ಹೇಳಿದರೆ 'ಕೆಂಬೆಳ್ಳಿ'. ಅದು ಉಳಿಯಲಿಲ್ಲ. ಗ್ಲೋಕರ್ ಹೆಸರು ಒಂದು ವರ್ಷ ಮೊದಲಿನದು, ಉಳಿದದ್ದೂ ಅದೇ.

ಈ ಇಬ್ಬರ ಹೆಸರಿಡುವ ರೀತಿ ನೋಡುವುದು ನನಗೆ ಇಷ್ಟ. ಗ್ಲೋಕರ್ ಕಲ್ಲನ್ನು ನೋಡಿ ಹೆಸರಿಡುವವರು. ನಾವು ತಿನ್ನುವ ಉಪ್ಪಿನ ಹರಳಿಗೆ 'ಹ್ಯಾಲೈಟ್' ಅಂದವರು ಅವರೇ. ಸತುವಿನ ಮುಖ್ಯ ಅದಿರಿಗೆ 'ಸ್ಫಲೆರೈಟ್' ಅಂದವರೂ ಅವರೇ. ಅದಕ್ಕೆ ಮೋಸಗಾರ ಅಂತ ಅರ್ಥ. ನೋಡಲು ಸೀಸದ ಅದಿರಿನಂತೆ ಇದ್ದು, ಕರಗಿಸಿದರೆ ಸೀಸ ಕೊಡದ ಕಲ್ಲು ಅದು. ಬ್ಯೂದಾನ್ ಸತುವಿನ ಇನ್ನೊಂದು ಅದಿರಿಗೆ ಜೇಮ್ಸ್ ಸ್ಮಿತ್ಸನ್ ಹೆಸರಿನಲ್ಲಿ 'ಸ್ಮಿತ್ಸನೈಟ್' ಅಂದರು. ಮನುಷ್ಯರ ಹೆಸರನ್ನು ಕಲ್ಲಿನಲ್ಲಿ ಇಡುವುದು ಅವರಿಗೆ ಸರಿ ಕಂಡಿತ್ತು.

ಹೀಗೆ ಒಂದೇ ಮನೆಯ ಎರಡು ಮಕ್ಕಳಲ್ಲಿ ಒಂದಕ್ಕೆ ಬಣ್ಣದ ಹೆಸರು ಬಂತು, ಇನ್ನೊಂದಕ್ಕೆ ಮನುಷ್ಯನ ಹೆಸರು. ಯಾವುದು ಒಳ್ಳೆಯದು? ನನ್ನ ಮನಸ್ಸು ಗ್ಲೋಕರ್ ಕಡೆಗೇ ವಾಲುತ್ತದೆ. ಪೈರಾರ್ಜಿರೈಟ್ ಅನ್ನುವ ಪದದಲ್ಲಿ ಅಗ್ರಿಕೋಲ ಕಂಡ ಕೆಂಪೂ ಇದೆ, ಗಣಿಯವರ ಬೆಳ್ಳಿಯೂ ಇದೆ. ಹಳೆಯ ಹೆಸರು ಸತ್ತಿಲ್ಲ, ಗ್ರೀಕ್ ಬಟ್ಟೆ ತೊಟ್ಟಿದೆ ಅಷ್ಟೇ. ಪ್ರೂಸ್ಟೈಟ್ ಅನ್ನುವಲ್ಲಿ ಕಲ್ಲು ಹೇಗಿದೆ ಅನ್ನುವ ಸುಳಿವೇ ಇಲ್ಲ. ಆದರೂ ಪ್ರೂಸ್ತ್ ಹೆಸರು ಎಲ್ಲಾದರೂ ಇರಬೇಕಿತ್ತು ಅನ್ನುವುದನ್ನು ಅಲ್ಲಗಳೆಯಲಾರೆ. ಮ್ಯಾಡ್ರಿಡ್‌ನಲ್ಲಿದ್ದ ಅವರ ಪ್ರಯೋಗಾಲಯ 1808ರ ಯುದ್ಧದ ಗಲಭೆಯಲ್ಲಿ ಲೂಟಿಯಾಗಿ ಹೋಯಿತು. ಕಲ್ಲಿನಲ್ಲಾದರೂ ಹೆಸರು ಉಳಿಯಿತು.

ಅದೇ ಬೆಂಕಿ, ಬೇರೆ ಬೇರೆ ಅರ್ಥ

'ಪೈರ್' ನೋಡಿ ಜನ ಎಡವುವುದು ಇಲ್ಲೇ. ಖನಿಜಗಳ ಹೆಸರಿನಲ್ಲಿ ಈ ಪದ ಎಷ್ಟೋ ಕಡೆ ಬರುತ್ತದೆ. ಪ್ರತಿ ಕಡೆಯೂ ಅರ್ಥ ಬೇರೆ.

ಪೈರೈಟ್ ತೆಗೆದುಕೊಳ್ಳಿ. ಉಕ್ಕಿನಿಂದ ಕುಟ್ಟಿದರೆ ಕಿಡಿ ಹಾರುತ್ತದೆ. ಅದಕ್ಕೇ ಬೆಂಕಿಯ ಕಲ್ಲು. ಪೈರೋಪ್ ಅನ್ನುವ ಕೆಂಪು ಗಾರ್ನೆಟ್ಟಿಗೆ ಬೆಂಕಿಗಣ್ಣು ಅನ್ನುವ ಅರ್ಥ, ಅಲ್ಲಿ ನೋಟದ ಮಾತು. ಪೈರಾಕ್ಸೀನ್ ಅಂದರೆ ಬೆಂಕಿಗೆ ಅಪರಿಚಿತ. ಜ್ವಾಲಾಮುಖಿಯ ಲಾವಾದಲ್ಲಿ ಅದು ಸಿಕ್ಕಾಗ, ಇದು ಇಲ್ಲಿಯದಲ್ಲ, ಹೊರಗಿಂದ ಬಂದು ಸೇರಿದ್ದು ಅಂತ ತಿಳಿದು ಹಾಗೆ ಕರೆದರು. ಆ ತಿಳಿವಳಿಕೆ ತಪ್ಪಾಗಿತ್ತು. ಲಾವಾದಲ್ಲೇ ಹರಳುಗಟ್ಟುವ ಖನಿಜ ಅದು. ತಪ್ಪು ತಿದ್ದಿಕೊಂಡರೂ ಹೆಸರು ಉಳಿದುಬಿಟ್ಟಿತು. ಪೈರೊಲುಸೈಟ್ ನಮಗೆ ಹತ್ತಿರದ್ದು, ಸಂಡೂರಿನ ಮ್ಯಾಂಗನೀಸ್ ಅದಿರಿನಲ್ಲಿ ಇರುವಂಥದ್ದು. ಬೆಂಕಿ ಮತ್ತು ತೊಳೆಯುವುದು ಅಂತ ಅದರ ಅರ್ಥ. ಗಾಜು ಕಾಯಿಸುವಾಗ ಸ್ವಲ್ಪ ಹಾಕಿದರೆ ಗಾಜಿನ ಹಸಿರು ಛಾಯೆ ಹೋಗುತ್ತದೆ. ಬೆಂಕಿಯಲ್ಲಿ ತೊಳೆದ ಹಾಗೆ.

ಪೈರಾರ್ಜಿರೈಟಿನ ಬೆಂಕಿ ಕಿಡಿಯದ್ದೂ ಅಲ್ಲ, ಹುಟ್ಟಿನದ್ದೂ ಅಲ್ಲ, ಕುಲುಮೆಯದ್ದೂ ಅಲ್ಲ. ಬಣ್ಣದ್ದು. ಬೆಂಕಿಯಲ್ಲಿ ಕಾಯಿಸಿದರೆ ಬೆಳ್ಳಿ ಬರುವುದರಿಂದ ಈ ಹೆಸರು ಅಂತ ನಾನೂ ಬಹಳ ದಿನ ಅಂದುಕೊಂಡಿದ್ದೆ. ಕೇಳಲು ಸರಿಯಾಗೇ ಇದೆ. ಇದ್ದಿಲಿನ ಮೇಲಿಟ್ಟು ಊದುಕೊಳವೆಯಿಂದ ಉರಿ ಹಾಯಿಸಿದರೆ ಕಲ್ಲು ಬೇಗ ಕರಗುತ್ತದೆ. ಆಂಟಿಮನಿ ಹೊಗೆಯಾಗಿ ಹೊರಟು ಇದ್ದಿಲಿನ ಮೇಲೆ ಬಿಳಿ ಪುಡಿಯಾಗಿ ಕೂರುತ್ತದೆ. ಕೊನೆಗೆ ಬೆಳ್ಳಿಯ ಗುಂಡು ಉಳಿಯುತ್ತದೆ. ಪ್ರೂಸ್ಟೈಟ್ ಆದರೆ ಬೆಳ್ಳುಳ್ಳಿಯ ಘಾಟು ಬರುತ್ತದೆ, ಅದು ಆರ್ಸೆನಿಕ್ಕಿನ ಗುರುತು. ಹಳೆಯ ಕಾಲದ ಖನಿಜ ಪರೀಕ್ಷಕರು ಮೂಗಿನಿಂದಲೇ ಹೇಳಿಬಿಡುತ್ತಿದ್ದರು. ಮನೆಯಲ್ಲಿ ದಯವಿಟ್ಟು ಮಾಡಬೇಡಿ. ಅದು ಪಾಷಾಣದ ಹೊಗೆ.

ಲೇಬಲ್ ಸರಿಯೇ?

ಈಗ ಡಬ್ಬಿಯ ವಿಷಯಕ್ಕೆ ಬರೋಣ. ಲೇಬಲ್ 'ಕಡುಗೆಂಪು' ಅನ್ನುತ್ತದೆ. ಕಲ್ಲೂ ಕಡುಗೆಂಪಾಗಿಯೇ ಇದೆ. ಮತ್ತೇನು ಅನುಮಾನ?

ಅನುಮಾನ ಬೆಳಕಿನದು. ಈ ಎರಡೂ ಕಲ್ಲುಗಳಿಗೆ ಬೆಳಕು ಆಗುವುದಿಲ್ಲ. ಬೆಳಕು ಬೀಳುತ್ತಾ ಹೋದರೆ ಮೇಲ್ಮೈ ಮಂಕಾಗಿ ಕಪ್ಪಾಗುತ್ತದೆ. ಹಳೆಯ ಫೋಟೊ ಫಿಲ್ಮಿನಲ್ಲಿ ಬೆಳ್ಳಿಯ ಲವಣಗಳು ಬೆಳಕಿಗೆ ಕಪ್ಪಾಗುತ್ತಿದ್ದವಲ್ಲ, ಅದರ ದೂರದ ಬಂಧು ಈ ಗುಣ. ಪ್ರೂಸ್ಟೈಟಿನಲ್ಲಿ ಇದು ಇನ್ನೂ ಜೋರು. ಗಣಿಯಿಂದ ತೆಗೆದಾಗ ಕುಂಕುಮದಂತಿದ್ದ ಹರಳು ಗಾಜಿನ ಕಪಾಟಿನಲ್ಲಿ ವರ್ಷಗಟ್ಟಲೆ ಇದ್ದರೆ ಕಡುಗೆಂಪಾಗುತ್ತದೆ, ಆಮೇಲೆ ಕಪ್ಪಾಗುತ್ತದೆ. ಅಂದರೆ 'ತಿಳಿಗೆಂಪು' ಅನ್ನುವ ಕಲ್ಲು 'ಕಡುಗೆಂಪು' ಆಗಿ ಕಾಣಬಹುದು. ಗಣಿಯ ಬಾಯಲ್ಲಿ ನಿಂತು ಇಟ್ಟ ಹೆಸರು ಗಣಿಯ ಬಾಯಲ್ಲಿ ಸರಿ. ಕಪಾಟಿನಲ್ಲಿ ಸರಿ ಅಂತ ಹೇಳಲಾಗದು. ಯಾರೋ ಕಪ್ಪಾದ ಪ್ರೂಸ್ಟೈಟನ್ನು ನೋಡಿ ಕಡುಗೆಂಪು ಅಂತ ಲೇಬಲ್ ಬರೆದಿದ್ದರೆ?

ಮೊದಲು ತೂಕದ ದಾರಿ ಯೋಚಿಸಿದೆವು. ಪೈರಾರ್ಜಿರೈಟ್ ನೀರಿಗಿಂತ ಸುಮಾರು 5.85 ಪಟ್ಟು ಭಾರ, ಪ್ರೂಸ್ಟೈಟ್ ಸುಮಾರು 5.57 ಪಟ್ಟು. ಮೂರು ಗ್ರಾಮಿನ ಶುದ್ಧ ಹರಳನ್ನು ದಾರದಲ್ಲಿ ಕಟ್ಟಿ ನೀರಿನಲ್ಲಿ ಮುಳುಗಿಸಿ ತೂಗಿದರೆ ಮೊದಲನೆಯದು 0.51 ಗ್ರಾಂ ತೂಕ ಕಳೆದುಕೊಳ್ಳುತ್ತದೆ, ಎರಡನೆಯದು 0.54. ಗ್ರಾಮಿನ ನೂರನೇ ಮೂರು ಭಾಗದ ವ್ಯತ್ಯಾಸ. ಅಡುಗೆಮನೆಯ ತಕ್ಕಡಿಗೆ ಇದು ತಿಳಿಯುವ ಮಾತಲ್ಲ. ಜೊತೆಗೆ ನನ್ನ ಕಲ್ಲಿಗೆ ಕ್ಯಾಲ್ಸೈಟ್ ಅಂಟಿಕೊಂಡಿದೆ. ಆ ದಾರಿ ಬಿಟ್ಟೆವು.

ಉಳಿದದ್ದು ಗೆರೆ. ಅಕ್ಕಸಾಲಿಗರು ಒರೆಗಲ್ಲಿಗೆ ಚಿನ್ನ ತಿಕ್ಕಿ ನೋಡುತ್ತಾರಲ್ಲ, ಅದೇ ಉಪಾಯ. ಖನಿಜದ ಮೈಬಣ್ಣ ಮೋಸ ಮಾಡಬಹುದು. ಪುಡಿಯ ಬಣ್ಣ ಸಾಮಾನ್ಯವಾಗಿ ಮಾಡುವುದಿಲ್ಲ. ಟೈಲ್ಸಿನ ಹಿಂಬದಿ, ಪಾಲಿಶ್ ಇಲ್ಲದ ಬಿಳಿಯ ಭಾಗ ಇದಕ್ಕೆ ಸಾಕು. ಮೊದಲು ಅಭ್ಯಾಸಕ್ಕೆ ಸಂಡೂರಿನ ಕಬ್ಬಿಣದ ಅದಿರಿನ ಚೂರೊಂದನ್ನು ತಿಕ್ಕಿದಳು. ಉಕ್ಕಿನಂತೆ ಬೂದುಗಪ್ಪಾಗಿ ಹೊಳೆಯುವ ಹೆಮಟೈಟ್ ಇಟ್ಟಿಗೆಗೆಂಪು ಗೆರೆ ಎಳೆಯಿತು. ಹೆಮಟೈಟ್ ಅಂದರೆ ರಕ್ತದ ಕಲ್ಲು, ಆ ಹೆಸರು ಬಂದದ್ದು ಈ ಕೆಂಪಿನಿಂದಲೇ. ಕಪ್ಪು ಮೈಯೊಳಗೆ ಕೆಂಪು ಬಚ್ಚಿಟ್ಟುಕೊಳ್ಳುವುದು ಕೆಂಪು ಬೆಳ್ಳಿಯ ಗುಣ ಮಾತ್ರ ಅಲ್ಲ ಅಂತ ಅವಳಿಗೆ ಆಗ ತಿಳಿಯಿತು.

ಆಮೇಲೆ ನಮ್ಮ ಕಲ್ಲು. ಇದು ಹೆಮಟೈಟಿಗಿಂತ ತುಂಬಾ ಮೆದು, ಗಡಸುತನ ಎರಡೂವರೆ ಅಷ್ಟೇ. ಹೆಚ್ಚುಕಡಿಮೆ ಉಗುರಿನಷ್ಟು. ಹರಳಿನ ಮುಖ ಹಾಳಾಗಬಾರದು ಅಂತ ಡಬ್ಬಿಯ ಮೂಲೆಯಲ್ಲಿ ಉದುರಿ ಬಿದ್ದಿದ್ದ ಎಳ್ಳಿನಷ್ಟು ಚೂರನ್ನು ಚಿಮ್ಮಟದಲ್ಲಿ ಹಿಡಿದು ಎಳೆದೆವು. ಪ್ರೂಸ್ಟೈಟ್ ಆಗಿದ್ದರೆ ಗೆರೆ ಕುಂಕುಮದ ಹಾಗೆ, ಇಂಗಳೀಕದ ಹಾಗೆ ಉಜ್ವಲ ಕೆಂಪಾಗಿ ಬರಬೇಕು. ಬಂದದ್ದು ನೇರಳೆ ಬೆರೆತ ಕೆಂಪು. ಬೀಟ್‌ರೂಟ್ ಹೆಚ್ಚಿದ ಮಣೆಯ ಮೇಲೆ ಉಳಿಯುವ ಕಲೆಯ ಬಣ್ಣ.

ಪೈರಾರ್ಜಿರೈಟ್. ಲೇಬಲ್ ಬರೆದವರು ಸರಿಯಾಗೇ ಬರೆದಿದ್ದರು.

ಆಂಟಿಮನಿಯ ಜಾಗದಲ್ಲಿ ಚೂರುಪಾರು ಆರ್ಸೆನಿಕ್ ಸೇರಿರುವುದು ಈ ಕಲ್ಲುಗಳಲ್ಲಿ ಸಾಮಾನ್ಯ. ಎಷ್ಟು ಸೇರಿದೆ ಅಂತ ನೋಡಲು ಯಂತ್ರ ಬೇಕು. ನಮ್ಮ ಪ್ರಶ್ನೆಗೆ ಅಷ್ಟು ಬೇಕಿರಲಿಲ್ಲ. ಕೈ ತೊಳೆದುಕೊಂಡು, ಟೈಲ್ಸಿನ ಚೂರನ್ನು ಬೇರೆ ಪೊಟ್ಟಣದಲ್ಲಿ ಕಟ್ಟಿ ಡಬ್ಬಿಯಲ್ಲೇ ಇಟ್ಟೆವು. ಮುಂದೆ ಯಾರಾದರೂ ಇದೇ ಪ್ರಶ್ನೆ ಕೇಳಿದರೆ ಸಾಕ್ಷಿ ಇರಲಿ ಅಂತ.

ಕನ್ನಡದ ಲೇಬಲ್

ಹೆಸರಿನ ಚರ್ಚೆ ಊಟದ ಹೊತ್ತಿನವರೆಗೂ ನಡೆಯಿತು. 'ಅಗ್ನಿರಜತ' ಅಂತ ನಾನೇ ಮೊದಲು ಹೇಳಿದೆ. ಅವಳಿಗೆ ಹಿಡಿಸಲಿಲ್ಲ. "ಅದು ಯಾವುದೋ ಮಾತ್ರೆ ಹೆಸರಿನ ಥರ ಇದೆ ಮಾಮ" ಅಂದಳು. 'ಕೆಂಬೆಳ್ಳಿ' ಚೆನ್ನಾಗಿದೆ, ಕೆಂದಾವರೆಯ ಹಾಗೆ ಬಾಯಿಗೆ ಸಲೀಸು. ಆದರೆ ಅದು ಎರಡೂ ಕಲ್ಲುಗಳಿಗೆ ಹೊಂದುತ್ತದೆ. ನಮ್ಮ ಪ್ರಕರಣ ಶುರುವಾದದ್ದೇ ಆ ಗೊಂದಲದಿಂದ. 'ಬೆಂಕಿಬೆಳ್ಳಿ' ಗ್ಲೋಕರ್ ಪದದ ನೇರ ಕನ್ನಡ. ಆದರೆ ಬೆಂಕಿ ಅಂದ ಕೂಡಲೇ ಹಳದಿ, ಕೇಸರಿ ಉರಿ ಕಣ್ಣಿಗೆ ಬರುತ್ತದೆ. ಈ ಕಲ್ಲಿನಲ್ಲಿ ಉರಿ ಇಲ್ಲ.

ಅವಳು ಟಾರ್ಚಿನ ಬೆಳಕಿನಲ್ಲಿ ಮೊದಲು ಅಂದದ್ದೇ ಸರಿ ಅಂತ ನನಗೆ ಅನ್ನಿಸಿತು. ಕೆಂಡ. ಹೊರಗೆ ಕಪ್ಪು, ಒಳಗೆ ಕೆಂಪು. ಬೆಂಕಿ ಹೌದು, ಜ್ವಾಲೆ ಅಲ್ಲ. ಕಡುಗೆಂಪು ಅನ್ನುವುದೂ ಅದರಲ್ಲೇ ಬಂತು, ತಿಳಿಗೆಂಪಿನ ಪ್ರೂಸ್ಟೈಟನ್ನು ಅದು ಹೊರಗಿಟ್ಟಿತು. ಪುಸ್ತಕಗಳಲ್ಲಿ ಪೈರಾರ್ಜಿರೈಟ್ ಅನ್ನುವ ಹೆಸರೇ ಇರಲಿ, ಜಗತ್ತಿಗೆಲ್ಲ ತಿಳಿಯುವುದು ಅದು. ಅದರ ಕೆಳಗೆ ನಮ್ಮ ಓದುಗರಿಗೆ ಒಂದು ಮಾತು ಬೇಡವೇ?

ಅವಳು ದಪ್ಪ ಕಾಗದದ ಮೇಲೆ ಬರೆದದ್ದು ಇಷ್ಟು:

ಪೈರಾರ್ಜಿರೈಟ್. ಕೆಂಡಬೆಳ್ಳಿ.
ಬೆಳ್ಳಿ, ಆಂಟಿಮನಿ, ಗಂಧಕ.
ಸಾಂಕ್ಟ್ ಆಂಡ್ರಿಯಾಸ್‌ಬರ್ಗ್, ಹಾರ್ಟ್ಸ್, ಜರ್ಮನಿ.
ಬೆಳಕಿಗೆ ಕಪ್ಪಾಗುತ್ತದೆ. ನೋಡಿದ ಮೇಲೆ ಮುಚ್ಚಳ ಹಾಕಿ.

ಹಳೆಯ ಜರ್ಮನ್ ಲೇಬಲ್ಲನ್ನು ಕಿತ್ತು ಹಾಕುತ್ತಾಳೇನೋ ಅಂತ ನೋಡುತ್ತಿದ್ದೆ. ಕೀಳಲಿಲ್ಲ. ಅದನ್ನು ಡಬ್ಬಿಯ ತಳದಲ್ಲಿ ಹಾಗೇ ಬಿಟ್ಟು, ತನ್ನದನ್ನು ಮುಚ್ಚಳದ ಮೇಲೆ ಅಂಟಿಸಿದಳು.